ನಂದಿಬಟ್ಟಲು ಬೋಳಾಗಿದೆ, ಬಾಟ್ಲಿ ಮದ್ದು ಬಿಡುದಾ ಬೇಡ್ವಾ?

ಪ್ರಶ್ನೆ: ನಮ್ದು ಉಡುಪಿ ಅಂಬಲಪಾಡಿ ಹತ್ರ ಮನೆ. ಅಂಗಳದಲ್ಲಿ ಎಂಟು ವರ್ಷದ ನಂದಿಬಟ್ಟಲು ಉಂಟು. ಶನಿವಾರ ಸಂಜೆ ಚಂದ ಇತ್ತು, ಸೋಮವಾರ ಬೆಳಿಗ್ಗೆ ಹೂ ಕೊಯ್ಲಿಕ್ಕೆ ಹೋಗುವಾಗ ತುದಿಯ ಎಲೆಯೆಲ್ಲ ಹೋಗಿ ಕಡ್ಡಿ ಮಾತ್ರ ಉಳಿದಿದೆ. ಹುಡುಕಿದಾಗ ಬೆರಳಿನಷ್ಟು ದಪ್ಪದ ಹಸಿರು ಹುಳ ಸಿಕ್ಕಿತು, ತಲೆ ಹತ್ರ ಎರಡು ನೀಲಿ ಕಣ್ಣು. ಬಿಳಿ ಲಿಲ್ಲಿಯಲ್ಲಿ ಕಪ್ಪು ಹುಳಗಳ ಗುಂಪು, ದಾಸವಾಳದ ಎಲೆ ಬೀಡಿ ಹಾಗೆ ಸುರುಟಿದೆ. ಅಂಗಡಿಯಲ್ಲಿ ಕೇಳಿದ್ದಕ್ಕೆ ಕ್ಲೋರ್‌ಪೈರಿಫಾಸ್, ಸೈಪರ್‌ಮೆತ್ರಿನ್ ಎರಡೂ ಸೇರಿದ ಒಂದು ಬಾಟ್ಲಿ ಕೊಟ್ಟಿದ್ದಾರೆ, ಅದ್ರ ಮೇಲೆ ಹಳದಿ ತ್ರಿಕೋನ ಉಂಟು. ಹೂ ದಿನಾ ದೇವರಿಗೆ ಬೇಕು, ಮನೇಲಿ ಆರು ವರ್ಷದ ಮೊಮ್ಮಗಳು ಇದ್ದಾಳೆ. ಮದ್ದು ಬಿಡುದಾ ಬೇಡ್ವಾ? ಬಿಡದಿದ್ರೆ ಎಂತ ಮಾಡುದು? ಮತ್ತೆ ಮೊಮ್ಮಗಳು ಒಂದು ಹುಳವನ್ನು ದೊಡ್ಡ ಪ್ಲಾಸ್ಟಿಕ್ ಭರಣಿಯಲ್ಲಿ ಹಾಕಿಟ್ಟಿದ್ದಾಳೆ, ಅದನ್ನು ಬಿಸಾಡ್ಬೇಕಾ?

ಉತ್ತರ: ಅಕ್ಕ, ಮೊದ್ಲು ಬಾಟ್ಲಿ ವಿಷಯ ಹೇಳಿಬಿಡ್ತೇನೆ, ಉಳಿದದ್ದು ನಿಧಾನಕ್ಕೆ ಓದಿ. ಅದ್ರ ಮುಚ್ಚಳ ತೆಗೀಬೇಡಿ. ಸೀಲ್ ಒಡೀದಿದ್ರೆ ಇವತ್ತೇ ಅಂಗಡಿಗೆ ವಾಪಸ್ ಕೊಡಿ, ತಗೊಳ್ಳುದಿಲ್ಲ ಅಂದ್ರೆ ಮಗುವಿನ ಕೈಗೆ ಎಟಕದ ಹಾಗೆ ಎತ್ತರದಲ್ಲಿ ಬೀಗ ಹಾಕಿ ಇಡಿ, ಅಡಿಗೆ ಸಾಮಾನಿನ ಹತ್ರ ಬೇಡ, ಬೇರೆ ಬಾಟ್ಲಿಗೆ ಸುರಿದು ಇಡುದಂತೂ ಬೇಡವೇ ಬೇಡ.

ಯಾಕೆ ಇಷ್ಟು ಗಟ್ಟಿಯಾಗಿ ಹೇಳ್ತೇನೆ ಅಂದ್ರೆ, ನಿಮ್ಮ ನಂದಿಬಟ್ಟಲಿಗೆ ಆದ ಹಾನಿ ಆಗಿ ಮುಗಿದಿದೆ. ಈಗ ಆ ಮದ್ದು ಬಿಟ್ರೆ ಸಾಯುದು ಇನ್ನೆರಡು ದಿನದಲ್ಲಿ ತಾನೇ ಕೆಳಗಿಳಿದು ಹೋಗ್ಲಿಕ್ಕಿರುವ ಎರಡು ಮೂರು ಹುಳ, ಉಳಿಯುದು ನಿಮ್ಮ ಹೂವಿನ ಮೇಲೆ ವಿಷ. ನೀವು ಹೇಳಿದ್ರಿ ಶನಿವಾರ ಚಂದ ಇತ್ತು, ಸೋಮವಾರ ಇಲ್ಲ ಅಂತ. ಎಲ್ರೂ ಹಾಗೇ ಹೇಳುದು, ನೋಡುವವರಿಗೆ ಹಾಗೇ ಕಾಣುದು ಕೂಡ. ಆದ್ರೆ ಆ ಹುಳ ಶನಿವಾರ ರಾತ್ರಿ ಬಂದದ್ದಲ್ಲ, ಎರಡು ವಾರದಿಂದ ಅಲ್ಲೇ ಇತ್ತು. ಮೊಟ್ಟೆ ಒಡೆದು ಬರುವಾಗ ಅಕ್ಕಿಕಾಳಿಗಿಂತ ಸಣ್ಣದು, ಹಳದಿ ಬಣ್ಣ, ಹಿಂದೆ ಕೂದಲಿನ ಹಾಗೆ ಒಂದು ಕಪ್ಪು ಕೊಂಬು, ಎಲೆ ಅಡಿಯಲ್ಲಿ ನರದ ಉದ್ದಕ್ಕೆ ಅಂಟಿಕೊಂಡಿದ್ರೆ ಕನ್ನಡಕ ಹಾಕಿದ್ರೂ ಕಾಣುದಿಲ್ಲ. ನಾಲ್ಕು ಸಲ ಪೊರೆ ಕಳಚಿ ಕೊನೆಯ ಹಂತಕ್ಕೆ ಬಂದಾಗ ಹೊಟ್ಟೆ ಸುರು ಆಗ್ತದೆ ನೋಡಿ, ಇಡೀ ಜೀವಮಾನದಲ್ಲಿ ತಿನ್ನುವ ಎಲೆಯಲ್ಲಿ ಮುಕ್ಕಾಲು ಪಾಲಿಗಿಂತ ಹೆಚ್ಚು ಆ ಕೊನೆಯ ನಾಲ್ಕೈದು ದಿನದಲ್ಲೇ ತಿನ್ನುದು. ನಮ್ಮ ಕಣ್ಣಿಗೆ ಬೀಳುದೂ ಆವಾಗ್ಲೇ, ಮದ್ದಿಗೆ ಓಡುದೂ ಆವಾಗ್ಲೇ. ಆ ಗಾತ್ರದ ಹುಳಕ್ಕೆ ಕೈಯಷ್ಟು ಒಳ್ಳೆ ಮದ್ದು ಬೇರೆ ಇಲ್ಲ.

ಹುಳ ಯಾವುದು ಅಂತ ಈಗ ಹೇಳ್ತೇನೆ. ನಮ್ಮಲ್ಲಿ ತುಳುವಲ್ಲಿ ಎಲ್ಲದಕ್ಕೂ ಪುರಿ ಅಂತ ಒಂದೇ ಹೆಸರು, ಕನ್ನಡದಲ್ಲಿ ಹುಳ ಇಲ್ಲಾ ಕಂಬಳಿಹುಳ, ಅಂಗಡಿಯಲ್ಲೂ ಹಾಗೆ ಹೇಳಿದ್ರೆ ಅವರು ಎಲ್ಲದಕ್ಕೂ ಆಗುವ ಒಂದು ಬಾಟ್ಲಿ ಕೊಡ್ತಾರೆ. ನಿಮ್ಮ ನಂದಿಬಟ್ಟಲಿದ್ದು ಕಣಗಿಲೆ ಹಾಕ್ ಮಾತ್ ಅಂತ ಹೇಳುವ ಪತಂಗದ ಮರಿ. ನಂದಿಬಟ್ಟಲು, ಕಣಗಿಲೆ, ನಿತ್ಯಪುಷ್ಪ ಇವೆಲ್ಲ ಒಂದೇ ಕುಟುಂಬ, ನಾವು ತುಳುವಿನ ಆಟಿ ತಿಂಗಳ ಅಮಾಸೆಗೆ ಕಷಾಯ ಮಾಡುವ ಪಾಲೆ ಮರ ಕೂಡ ಅದೇ ಕುಟುಂಬ, ಮುರಿದ್ರೆ ಬಿಳಿ ಹಾಲು ಬರ್ತದಲ್ಲ, ಆಡು ದನ ಬಾಯಿ ಹಾಕದ ಆ ಹಾಲಿನ ಎಲೆಯೇ ಇದಕ್ಕೆ ಊಟ. ಆ ನೀಲಿ ಕಣ್ಣು ಕಣ್ಣಲ್ಲ, ಚುಕ್ಕೆ. ಮುಟ್ಟಲಿಕ್ಕೆ ಹೋದ್ರೆ ತಲೆ ಒಳಗೆ ಎಳ್ಕೊಂಡು ಕುತ್ತಿಗೆ ಉಬ್ಬಿಸ್ತದೆ, ಆವಾಗ ಆ ಚುಕ್ಕೆ ಅಗಲ ಆಗಿ ಹಾವು ನೋಡಿದ ಹಾಗೆ ಕಾಣ್ತದೆ, ಹಕ್ಕಿ ಹೆದರಲಿ ಅಂತ. ಹಿಂದಿನ ಕೊಂಬು ಚುಚ್ಚುದಿಲ್ಲ, ಮೈಯಲ್ಲಿ ರೋಮ ಇಲ್ಲ, ತುರಿಸುದೂ ಇಲ್ಲ. ಬರಿಗೈಯಲ್ಲಿ ತೆಗೀಬಹುದು, ಆದ್ರೆ ಕಾಲು ಗಟ್ಟಿ ಹಿಡ್ಕೊಂಡಿರ್ತದೆ, ಎಳೀಬೇಡಿ, ಇದ್ದ ಕಡ್ಡಿ ಸಮೇತ ಕತ್ತರಿಸಿ. ಗಿಡದ ಹಾಲು ಕೈಗಾದ್ರೆ ಸೋಪಲ್ಲಿ ತೊಳೀರಿ, ಆ ಕೈ ಕಣ್ಣಿಗೆ ಮುಟ್ಟಿಸ್ಬೇಡಿ. ಕಣಗಿಲೆ ಇದ್ರೆ ಇನ್ನೂ ಜಾಗ್ರತೆ, ಅದ್ರ ಎಲೆ, ಹೂ, ಕೋಲು ಎಲ್ಲ ವಿಷ, ಕಡಿದ ಗೆಲ್ಲನ್ನು ಬಚ್ಚಲು ಒಲೆಗೆ ಹಾಕಿ ಹೊಗೆ ಕುಡೀಬಾರ್ದು.

ಹುಳ ಎಲೆಯ ಬಣ್ಣದ್ದೇ ಆದ್ರಿಂದ ಗಿಡದ ಮೇಲೆ ಹುಡುಕ್ಲಿಕ್ಕೆ ಹೋಗ್ಬೇಡಿ, ಮೊದ್ಲು ನೆಲ ನೋಡಿ. ಗಿಡದ ಬುಡದಲ್ಲಿ ಹಿಕ್ಕೆ ಬಿದ್ದಿರ್ತದೆ. ದೊಡ್ಡ ಹುಳದ್ದಾದ್ರೆ ಒಳ್ಳೆಮೆಣಸಿನಷ್ಟು ದಪ್ಪ, ಉದ್ದಕ್ಕೆ ಗೀರು ಗೀರು ಇರ್ತದೆ, ಸಣ್ಣ ಪೀಪಾಯಿ ಹಾಗೆ. ಕಡು ಹಸಿರು, ಒದ್ದೆ ಇದ್ರೆ ಇವತ್ತಿಂದು, ಒಣಗಿ ಕಪ್ಪಾಗಿದ್ರೆ ಹಳೇದು. ಅಂಗಳಕ್ಕೆ ಇಂಟರ್‌ಲಾಕ್ ಹಾಕಿದವರಿಗೆ ಇದು ಸುಲಭ, ಮಣ್ಣಿನ ಅಂಗಳವಾದ್ರೆ ಸಂಜೆ ಬುಡಕ್ಕೊಂದು ಪೇಪರ್ ಹಾಸಿ ಕಲ್ಲಿಟ್ಟು ಬೆಳಿಗ್ಗೆ ನೋಡಿ. ತಾಜಾ ಹಿಕ್ಕೆ ಎಲ್ಲಿ ಬಿದ್ದಿದೆಯೋ ಅದಕ್ಕೆ ನೇರ ಮೇಲಿನ ಗೆಲ್ಲು ಹಿಡಿದು ಕೆಳಗಿಂದ ಮೇಲೆ ನೋಡ್ತಾ ಹೋಗಿ, ಹುಳ ಅಲ್ಲೇ ಇರ್ತದೆ, ಹೆಚ್ಚಿನ ಸಲ ಕಡ್ಡಿಯ ಅಡಿಯಲ್ಲಿ ತಲೆಕೆಳಗಾಗಿ. ಹಿಕ್ಕೆ ಇಲ್ಲ, ಎಲೆ ಮಾತ್ರ ತೂತು, ಮೇಲೆ ಗೋಂದು ಒಣಗಿದ ಹಾಗೆ ಬೆಳ್ಳಿ ಗೆರೆ ಉಂಟು ಅಂದ್ರೆ ಅದು ಹುಳವೇ ಅಲ್ಲ, ಬಸವನಹುಳ. ನಮ್ಮ ಮಳೆಗಾಲದಲ್ಲಿ ಅರ್ಧಕ್ಕರ್ಧ ಜನ ಬಸವನಹುಳ ತಿಂದದ್ದಕ್ಕೆ ಹುಳದ ಮದ್ದು ಬಿಡ್ತಾ ಇರ್ತಾರೆ, ಎಂತ ಪ್ರಯೋಜನ? ರಾತ್ರಿ ಟಾರ್ಚ್ ಹಿಡ್ಕೊಂಡು ಹೋಗಿ ಹೆಕ್ಕುದೇ ಅದಕ್ಕೆ ದಾರಿ, ಕೈಗೆ ಪ್ಲಾಸ್ಟಿಕ್ ಹಾಕ್ಕೊಂಡು.

ಹೆಕ್ಕಿದ ಹುಳವನ್ನು ಸೋಪಿನ ನೀರಿನ ಬಾಲ್ದಿಗೆ ಹಾಕಿದ್ರೆ ಸಾಯ್ತದೆ. ಕೊಲ್ಲಲಿಕ್ಕೆ ಮನಸ್ಸಿಲ್ಲ ಅಂತ ಹೇಳುವವರು ತುಂಬ ಜನ ಇದ್ದಾರೆ, ನನಗೂ ಈ ಹುಳವನ್ನು ಕೊಲ್ಲಲಿಕ್ಕೆ ಮನಸ್ಸು ಬರುದಿಲ್ಲ, ಗೇಟಿನ ಹೊರಗೆ ಕಾಡು ಹಾಗೆ ಬೆಳೆದ ಕಣಗಿಲೆ ಇದೆ, ಅದಕ್ಕೆ ತಗೊಂಡು ಹೋಗಿ ಬಿಡ್ತೇನೆ. ಒಂದು ಗಿಡದಲ್ಲಿ ಹತ್ತಕ್ಕಿಂತ ಹೆಚ್ಚು ದೊಡ್ಡ ಹುಳ ನಾನು ಕಂಡದ್ದೇ ಅಪರೂಪ, ಹತ್ತು ಹುಳಕ್ಕೆ ಯಾರಾದ್ರೂ ಪಂಪು ಹೊರ್ತಾರಾ ಹೇಳಿ.

ಮತ್ತೆ ಗಿಡ ಸಾಯುದಿಲ್ಲ. ಎಂಟು ವರ್ಷದ ನಂದಿಬಟ್ಟಲು, ಬೇರು ಗಟ್ಟಿ ಉಂಟು, ಎರಡು ಮೂರು ವಾರದಲ್ಲಿ ಚಿಗುರು ಬರ್ತದೆ. ಬೋಳಾಯ್ತಲ್ಲ ಪಾಪ ಅಂತ ಯೂರಿಯಾ ಹಾಕ್ಬೇಡಿ, ಯೂರಿಯಾ ಹಾಕಿದ್ರೆ ಮೆತ್ತಗಿನ ಎಳೆ ಚಿಗುರು ಒಟ್ಟಿಗೇ ನುಗ್ಗಿ ಬರ್ತದೆ, ಅದಕ್ಕೇ ಮುಂದಿನ ಪತಂಗ ಮೊಟ್ಟೆ ಇಡ್ಲಿಕ್ಕೆ ಬರುದು. ಎರಡು ಬುಟ್ಟಿ ಹಳೇ ಸೆಗಣಿ ಗೊಬ್ಬರ, ಒಂದು ಹಿಡಿ ನೆಲಗಡಲೆ ಹಿಂಡಿ ಅಥವಾ ಬೇವಿನ ಹಿಂಡಿ ಸಾಕು. ಆ ಚಿಗುರು ಬರುವ ಸಮಯದಲ್ಲಿ ಮಾತ್ರ ನೀವು ಎಚ್ಚರ ಇರ್ಬೇಕು, ಮೂರು ದಿನಕ್ಕೊಮ್ಮೆ ಎಲೆ ಮಗುಚಿ ನೋಡಿ. ಮೊಟ್ಟೆ ಗುಂಪಲ್ಲಿ ಇರುದಿಲ್ಲ, ಒಂದೊಂದೇ, ತಿಳಿ ಹಸಿರು, ಸಾಸಿವೆಗಿಂತ ಸ್ವಲ್ಪ ಸಣ್ಣದು. ಬೆರಳಲ್ಲಿ ಒರೆಸಿದ್ರೆ ಮುಗೀತು.

ಲಿಲ್ಲಿಯದ್ದು ಬೇರೆ ಕತೆ. ಕಪ್ಪು ಮೈ, ಬಿಳಿ ಚುಕ್ಕೆ, ನಡುನಡುವೆ ಕೆಂಪು ಇದ್ರೆ ಅದು ಲಿಲ್ಲಿ ಪತಂಗದ ಹುಳ. ಅದ್ರ ಪತಂಗ ನೋಡ್ಲಿಕ್ಕೆ ತುಂಬ ಚಂದ, ಕೆಂಪು ಹಳದಿ ಕಪ್ಪು ಬಣ್ಣ ತುಂಡು ತುಂಡು ಜೋಡಿಸಿದ ಹಾಗೆ. ಇದು ಮೊಟ್ಟೆ ಇಡುದು ಗುಂಪಲ್ಲಿ, ಹಾಗಾಗಿ ಮರಿಗಳೂ ಒಟ್ಟಿಗೇ ಇರ್ತವೆ, ಒಂದು ಎಲೆ ಮುಗಿಸಿ ಇನ್ನೊಂದು, ಕಡೆಗೆ ಗಡ್ಡೆಯ ಕುತ್ತಿಗೆವರೆಗೆ ತಿಂದು ಹಾಕ್ತವೆ. ಆದ್ರೆ ಗುಂಪಲ್ಲಿ ಇರುದೇ ನಮಗೆ ಅನುಕೂಲ, ಸಣ್ಣದಿರುವಾಗ ಆ ಒಂದು ಎಲೆ ಕೊಯ್ದು ಸೋಪು ನೀರಿಗೆ ಅದ್ದಿದ್ರೆ ಇಡೀ ಸಂಸಾರ ಹೋಯ್ತು. ದೊಡ್ಡದಾಗಿ ಚದುರಿದ್ರೆ ಎಲೆ ಪೂರ್ತಿ ಬುಡಕ್ಕೆ ಕತ್ತರಿಸಿಬಿಡಿ, ಹೆದರ್ಬೇಡಿ, ಗಡ್ಡೆ ಗಟ್ಟಿ ಇದ್ರೆ ಪುನಃ ಬರ್ತದೆ. ಇದು ಕೋಶ ಕಟ್ಟುದು ಮಣ್ಣಲ್ಲಿ, ಹಾಗಾಗಿ ಎಲೆ ಕತ್ತರಿಸಿದ ಮೇಲೆ ಬುಡದ ಮಣ್ಣನ್ನು ಎರಡು ಮೂರು ಇಂಚು ಕೆದಕಿ, ಕಂದು ಬಣ್ಣದ ಕೋಶ ಸಿಗ್ತದೆ, ಹೆಕ್ಕಿ. ಕೋಳಿ ಸಾಕಿದವರ ಮನೆಯಲ್ಲಿ ಕೆದಕಿ ಬಿಟ್ರೆ ಸಾಕು, ಉಳಿದದ್ದು ಅವು ನೋಡ್ಕೊಳ್ತವೆ. ಇಷ್ಟು ಮಾಡದಿದ್ರೆ ಮುಂದಿನ ತಿಂಗಳು ಪುನಃ ಇದೇ ಪ್ರಶ್ನೆ ಬರೀಬೇಕಾಗ್ತದೆ.

ದಾಸವಾಳದ ಬೀಡಿ ಅಂತೂ ಎಲೆ ಸುರುಟುವ ಹುಳ, ಬೆಂಡೆಗೂ ಬರ್ತದೆ. ಬಿಡಿಸಿ ನೋಡಿದ್ರೆ ಒಳಗೆ ಪಾರದರ್ಶಕ ಹಸಿರು ಮೈ, ಕಪ್ಪು ತಲೆ, ಮುಟ್ಟಿದ್ರೆ ಹಿಂದಕ್ಕೆ ಪುಟ್ಟ ಪುಟ್ಟ ಹಾರಿ ನೂಲಲ್ಲಿ ಜೋತು ಬೀಳ್ತದೆ. ಹೊರಗಿಂದ ಬಿಟ್ಟ ಮದ್ದು ಆ ಸುರುಳಿ ಒಳಗೆ ಹೋಗುದೇ ಇಲ್ಲ. ಸುರುಳಿಯನ್ನು ಬಿಡಿಸುದೂ ಬೇಡ, ಹೆಬ್ಬೆರಳು ತೋರುಬೆರಳಲ್ಲಿ ಒತ್ತಿಬಿಡಿ, ಇಲ್ಲಾ ಕೊಯ್ದು ಹಾಕಿ. ನಂದಿಬಟ್ಟಲಲ್ಲೂ ಎರಡು ಎಲೆ ಅಂಟಿಸಿ ಒಳಗೆ ಕೂರುವ ಸಣ್ಣ ಹಸಿರು ಹುಳ ಒಂದು ಬರ್ತದೆ, ಅದಕ್ಕೂ ಹೀಗೇ.

ಗುಲಾಬಿ ಬಗ್ಗೆ ನೀವು ಹುಳ ಉಂಟು ಅಂತ ಹೇಳ್ಲಿಲ್ಲ, ಆದ್ರೂ ಒಂದು ಮಾತು. ಗುಲಾಬಿ, ಕ್ಯಾನಾ, ಕೆಸು ಇದರ ಎಲೆ ಅಡಿಯಲ್ಲಿ ಕಂದು ಬಣ್ಣದ ಹತ್ತಿ ಮೆತ್ತಿದ ಹಾಗೆ ಒಂದು ಕಾಣಿಸಿದ್ರೆ ಅದು ತಂಬಾಕು ಹುಳದ ಮೊಟ್ಟೆ, ಒಂದೊಂದರಲ್ಲಿ ನೂರಾರು ಮೊಟ್ಟೆ ಇರ್ತದೆ. ಮರಿ ಬಂದ ಸುರುವಿಗೆ ಎಲೆಯ ಹಸಿರು ಮಾತ್ರ ಕೆರೆದು ತಿಂತವೆ, ಎಲೆ ಎಣ್ಣೆಕಾಗದದ ಹಾಗೆ ಆಗ್ತದೆ. ಆ ಎಲೆ ಕಂಡ ಕೂಡ್ಲೇ ಕೊಯ್ಯಿರಿ, ನಾಳೆ ಅಂತ ಬಿಟ್ರೆ ಅವು ಚದುರಿ ಹಗಲು ಮಣ್ಣಲ್ಲಿ ಅಡಗಿ ರಾತ್ರಿ ಮಾತ್ರ ತಿನ್ಲಿಕ್ಕೆ ಬರ್ತವೆ, ಆಮೇಲೆ ಹಿಡೀಲಿಕ್ಕೆ ತುಂಬ ಕಷ್ಟ.

ಮೊಮ್ಮಗಳಿಗೆ ಒಂದನ್ನು ಮಾತ್ರ ಚೆನ್ನಾಗಿ ತೋರಿಸಿ ಕಲಿಸಿ. ತೆಂಗು, ಮಾವು, ಗುಲಾಬಿಯಲ್ಲಿ ಬರುವ ಚಪ್ಪಟೆ ತಿಳಿ ಹಸಿರು ಹುಳ, ಬೆನ್ನಲ್ಲಿ ನೀಲಿ ಗೆರೆ, ಎರಡು ಬದಿಯಲ್ಲಿ ಮುಳ್ಳಿನ ಕುಚ್ಚು, ಅದನ್ನು ಮುಟ್ಟಿದ್ರೆ ಕರೆಂಟ್ ಹೊಡೆದ ಹಾಗೆ ಉರೀತದೆ. ನುಗ್ಗೆ ಮರದ ಕಾಂಡದಲ್ಲಿ ಗುಂಪಾಗಿ ಕೂರುವ ಕಂಬಳಿಹುಳವೂ ಹಾಗೇ. ತಾಗಿದ್ರೆ ಉಜ್ಜಬಾರ್ದು, ಸೆಲೋ ಟೇಪ್ ಅಂಟಿಸಿ ಎಳೆದು ತೆಗೀರಿ, ನಾಲ್ಕೈದು ಸಲ ಹೊಸ ಹೊಸ ಟೇಪು, ಆಮೇಲೆ ಸೋಪಲ್ಲಿ ತೊಳೆದು ಐಸ್ ಇಡಿ. ಕಣ್ಣಿಗೆ ಹೋದ್ರೆ ಅಥವಾ ಉಸಿರು ಕಟ್ಟಿದ ಹಾಗೆ ಆದ್ರೆ ಮನೆ ಮದ್ದು ಮಾಡ್ತಾ ಕೂರದೆ ಆಸ್ಪತ್ರೆಗೆ ಹೋಗಿ. ಸೂಡಿ, ಅಂದ್ರೆ ಒಣ ತೆಂಗಿನ ಗರಿಯ ಪಂಜು, ಹಿಡಿದು ಕಂಬಳಿಹುಳವನ್ನು ಸುಡುವ ಕ್ರಮ ನಮ್ಮಲ್ಲಿ ಹಿಂದಿನಿಂದ ಉಂಟು, ಆದ್ರೆ ಸುಡುವಾಗ ರೋಮ ಗಾಳಿಗೆ ಹಾರಿ ಸುಡುವವರ ಕಣ್ಣು ಮೂಗಿಗೇ ಬರ್ತದೆ, ಒಣಗ್ಲಿಕ್ಕೆ ಹಾಕಿದ ಬಟ್ಟೆಗೂ ಅಂಟ್ತದೆ. ಉದ್ದ ಕೋಲಿಗೆ ಬಟ್ಟೆ ಸುತ್ತಿ ಸೋಪು ನೀರಲ್ಲಿ ಅದ್ದಿ ಒರೆಸಿ ಬಾಲ್ದಿಗೆ ಬೀಳಿಸುದು ಒಳ್ಳೇದು.

ಇನ್ನು, ಕೈಯಲ್ಲಿ ಆಗುದೇ ಇಲ್ಲ, ನಂದು ಮೂವತ್ತು ಗಿಡ, ಬೆನ್ನು ಬಗ್ಗುದಿಲ್ಲ ಅಂತಾದ್ರೆ ಒಂದು ಮದ್ದು ಹೇಳ್ತೇನೆ. ಬಿಟಿ ಅಂತ ಹುಡಿ ಸಿಗ್ತದೆ, ಡೈಪೆಲ್, ಡೆಲ್ಫಿನ್ ಇತ್ಯಾದಿ ಹೆಸರಲ್ಲಿ. ಇದು ಮಣ್ಣಲ್ಲೇ ಇರುವ ಒಂದು ಬ್ಯಾಕ್ಟೀರಿಯಾ, ಬ್ಯಾಸಿಲ್ಲಸ್ ತುರಿಂಜಿಯೆನ್ಸಿಸ್. 1901ರಲ್ಲಿ ಜಪಾನಿನಲ್ಲಿ ಇಶಿವಾಟ ಅನ್ನುವವರು ಸತ್ತ ರೇಷ್ಮೆ ಹುಳದಲ್ಲಿ ಇದನ್ನು ಮೊದಲು ಕಂಡದ್ದು, ಆಮೇಲೆ 1911ರಲ್ಲಿ ಜರ್ಮನಿಯ ತುರಿಂಗಿಯಾದಿಂದ ಬಂದ ಹಿಟ್ಟಿನ ಪತಂಗದ ಹುಳದಲ್ಲಿ ಬರ್ಲಿನರ್ ಅನ್ನುವವರು ನೋಡಿ ಆ ಊರಿನ ಹೆಸರು ಇಟ್ರು. ಇದು ಮೈಗೆ ತಾಗಿ ಕೊಲ್ಲುವ ಮದ್ದಲ್ಲ, ಹುಳ ಅದನ್ನು ಎಲೆ ಜೊತೆ ತಿನ್ಬೇಕು. ಹುಳದ ಕರುಳು ಕ್ಷಾರ, ಆ ಕ್ಷಾರದಲ್ಲಿ ಇದರ ಹರಳು ಕರಗಿ ವಿಷ ಆಗಿ ಕರುಳು ತೂತು ಮಾಡ್ತದೆ. ನಮ್ಮ ಹೊಟ್ಟೆ ಆಮ್ಲ, ನಮ್ಮ ಕರುಳಲ್ಲಿ ಆ ವಿಷ ಹಿಡ್ಕೊಳ್ಳುವ ಜಾಗವೂ ಇಲ್ಲ, ಹಾಗಾಗಿ ನಮಗೆ, ಹಕ್ಕಿಗೆ, ಮೀನಿಗೆ, ಜೇನಿಗೆ ಅದು ಏನೂ ಮಾಡುದಿಲ್ಲ. ಬಿಟ್ಟ ಮೇಲೆ ಹುಳ ಕೂಡ್ಲೇ ಸಾಯುದಿಲ್ಲ, ಅದಕ್ಕೇ ಜನ ಇದು ಡೂಪ್ಲಿಕೇಟ್ ಅಂತ ಬೈತಾರೆ. ಕೆಲವು ಗಂಟೆಯಲ್ಲಿ ತಿನ್ನುದು ನಿಲ್ಲಿಸ್ತದೆ, ಸಾಯ್ಲಿಕ್ಕೆ ಎರಡು ಮೂರು ದಿನ ಬೇಕು, ಕಪ್ಪಾಗಿ ಮೆತ್ತಗಾಗಿ ಜೋತು ಬೀಳ್ತದೆ. ಸಣ್ಣ ಹುಳಕ್ಕೆ ಚೆನ್ನಾಗಿ ಕೆಲಸ ಮಾಡ್ತದೆ, ಬೆರಳು ಗಾತ್ರದ್ದಕ್ಕೆ ಅಷ್ಟಕ್ಕಷ್ಟೆ.

ಬಿಡುವ ಕ್ರಮದಲ್ಲೇ ಎಲ್ಲ ಇರುದು. ಸಾಮಾನ್ಯವಾಗಿ ಲೀಟರ್ ನೀರಿಗೆ 1ರಿಂದ 2 ಗ್ರಾಂ, ಪ್ಯಾಕೆಟಲ್ಲಿ ಬೇರೆ ಬರ್ದಿದ್ರೆ ಅದೇ ಲೆಕ್ಕ. ಸಂಜೆ ಐದರ ಮೇಲೆ ಬಿಡಿ, ಬಿಸಿಲಿಗೆ ಇದು ಎರಡು ಮೂರು ದಿನದಲ್ಲಿ ಸತ್ತ್ವ ಕಳ್ಕೊಳ್ತದೆ. ಎಲೆ ಅಡಿಗೆ ತಾಗ್ಬೇಕು. ನಂದಿಬಟ್ಟಲು ಎಲೆ ಮೇಣ ಹಚ್ಚಿದ ಹಾಗೆ ನುಣ್ಣಗೆ, ನೀರು ಹನಿ ಹನಿಯಾಗಿ ಜಾರಿ ಹೋಗ್ತದೆ, ಅದಕ್ಕೆ ನಾನು ಲೀಟರಿಗೆ ಎರಡು ಚಮಚ ಗಂಜಿ ತೆಳಿ ಸೋಸಿ ಸೇರಿಸ್ತೇನೆ, ಅಂಟಿ ಕೂರ್ತದೆ, ಸೋಸದಿದ್ರೆ ಮಾತ್ರ ನೋಝಲ್ ಕಟ್ತದೆ. ಕಲಸಿದ್ದನ್ನು ನಾಳೆಗೆ ಇಡಬಾರ್ದು. ಪ್ಯಾಕೆಟ್ ಒಡೆದ ಮೇಲೆ ನಮ್ಮೂರಿನ ತೇವಕ್ಕೆ ಹುಡಿ ಗಟ್ಟಿ ಕಟ್ಟಿ ಹಾಳಾಗ್ತದೆ, ಗಾಳಿಯಾಡದ ಡಬ್ಬಿಯಲ್ಲಿ ಇಡಿ. ಮತ್ತೆ ಮಳೆ. ವರ್ಷಕ್ಕೆ ಮೂರೂವರೆ ನಾಲ್ಕು ಸಾವಿರ ಮಿಲ್ಲಿಮೀಟರ್ ಬೀಳುವ ಊರು ನಮ್ದು, ಜೂನ್ ಜುಲೈಯಲ್ಲಿ ಏನು ಬಿಟ್ರೂ ಚರಂಡಿಗೆ ಹೋಗುದು. ಆ ಎರಡು ತಿಂಗಳು ಕೈ ಮಾತ್ರ. ಆಟಿ ಕಳೆದು ಸೋಣೆ ತಿಂಗಳು ಸುರು ಆಗುವಾಗ, ಅಂದ್ರೆ ಆಗಸ್ಟ್ ನಡುವಿಗೆ, ಮಳೆ ಬಿಟ್ಟು ಬಿಟ್ಟು ಬರ್ತದಲ್ಲ, ಗಿಡ ಎಲ್ಲ ಚಿಗುರಿ ಹುಳ ಜೋರಾಗುದೂ ಆವಾಗ್ಲೇ, ಒಂದು ಸಂಜೆ ಮಳೆ ಬಿಡುವು ಕೊಟ್ರೆ ಆವಾಗ ಬಿಡಿ, ವಾರ ಬಿಟ್ಟು ಇನ್ನೊಮ್ಮೆ.

ಬಿಟಿ ಬಿಡುವಾಗ ಒಂದು ನೆನಪಿಡಿ, ಅದಕ್ಕೆ ಪತಂಗದ ಮರಿ ಯಾವುದು, ಚಿಟ್ಟೆಯ ಮರಿ ಯಾವುದು ಅಂತ ಗೊತ್ತಾಗುದಿಲ್ಲ. ನಿಮ್ಮ ಕರಿಬೇವಿನಲ್ಲಿ ಹಕ್ಕಿ ಹೇತ ಹಾಗೆ ಕಾಣುವ ಸಣ್ಣ ಹುಳ ಇದ್ರೆ, ಮುಟ್ಟಿದಾಗ ತಲೆಯಿಂದ ಕೆಂಪು ಕವೆಕೊಂಬು ಹೊರಗೆ ಬಂದು ಕೆಟ್ಟ ವಾಸನೆ ಬಂದ್ರೆ, ಅದು ದೊಡ್ಡ ಕಪ್ಪು ಚಿಟ್ಟೆಯ ಮರಿ. ಕಣಗಿಲೆಯಲ್ಲಿ ಮೈಮೇಲೆ ನಾಲ್ಕು ಜೊತೆ ಕಪ್ಪು ಮೀಸೆ ಇರುವ ಹುಳ ಕಂದು ಚಿಟ್ಟೆಯದ್ದು, ಅದ್ರ ಕೋಶ ಕನ್ನಡಿ ಹಾಗೆ ಹೊಳೀತದೆ, ಬಂಗಾರದ ಓಲೆ ತೂಗಿಸಿದ ಹಾಗೆ. ಅವು ಇಡೀ ಗಿಡ ಬೋಳು ಮಾಡುದು ಕಡಿಮೆ, ಇದ್ರೆ ಇರ್ಲಿ ಅಂತ ನನ್ನ ಅಭಿಪ್ರಾಯ. ಚಿಟ್ಟೆ ನೋಡ್ಲಿಕ್ಕೆ ಅಂತ್ಲೇ ನಾವು ಮೂಡುಬಿದಿರೆ ಹತ್ರ ಬೆಳುವಾಯಿಯ ಬಟರ್‌ಫ್ಲೈ ಪಾರ್ಕಿಗೆ ಹೋಗ್ತೇವೆ, ಮನೆ ಅಂಗಳದಲ್ಲಿ ಹುಟ್ಟುದನ್ನು ಯಾಕೆ ಕೊಲ್ಲುದು?

ಬೇವಿನ ಎಣ್ಣೆ ಕೇಳ್ತೀರಿ ಅಂತ ಗೊತ್ತು. ಆಗ್ತದೆ, ಆದ್ರೆ ಅದು ಸಾಯಿಸುದಕ್ಕಿಂತ ಹೆಚ್ಚು ಹುಳದ ಹಸಿವು ಕಟ್ಟಿಸಿ ಪೊರೆ ಕಳಚದ ಹಾಗೆ ಮಾಡುದು, ಮೊಟ್ಟೆ ಇಡ್ಲಿಕ್ಕೆ ಬರುವ ಪತಂಗವನ್ನು ದೂರ ಇಡುದು. ಲೀಟರಿಗೆ 5 ಎಂಎಲ್ ಎಣ್ಣೆ, ಮೊದ್ಲು ಅದಕ್ಕೆ ಒಂದೆರಡು ಎಂಎಲ್ ಲಿಕ್ವಿಡ್ ಸೋಪು ಹಾಕಿ ಚೆನ್ನಾಗಿ ಕಲಸಿ, ಆಮೇಲೆ ಸ್ವಲ್ಪ ಸ್ವಲ್ಪ ನೀರು, ಹಾಲಿನ ಹಾಗೆ ಆಗ್ಬೇಕು, ಎಣ್ಣೆ ಮೇಲೆ ತೇಲಿದ್ರೆ ಎಲೆ ಸುಡ್ತದೆ. ಬಟ್ಟೆ ಒಗೆಯುವ ಹುಡಿ ಹಾಕ್ಬೇಡಿ. ಬಿಸಿಲಲ್ಲಿ ಬಿಡಬೇಡಿ. ಸೀಮೆಎಣ್ಣೆ ಬೇಡ. ಹೊಗೆಸೊಪ್ಪಿನ ಕಷಾಯ ಕೂಡ ಬೇಡ, ಸಾವಯವ ಅಂತ ಹೇಳ್ತಾರೆ ಆದ್ರೆ ನಿಕೊಟಿನ್ ಚರ್ಮದ ಮೂಲಕವೂ ಮೈಗೆ ಹೋಗುವ ವಿಷ, ಮಗು ಇರುವ ಮನೆಯ ಅಡಿಗೆ ಪಾತ್ರೆಯಲ್ಲಿ ಅದನ್ನು ಕುದಿಸುದು ಯೋಚನೆ ಮಾಡ್ಲಿಕ್ಕೂ ಆಗುದಿಲ್ಲ. ಬಚ್ಚಲು ಒಲೆಯ ಬೂದಿ ಬೇಸಗೆಯಲ್ಲಿ ಸ್ವಲ್ಪ ಕೆಲಸ ಮಾಡ್ತದೆ, ಮಳೆಗಾಲದಲ್ಲಿ ಇಲ್ಲ.

ಈಗ ಪುನಃ ನಿಮ್ಮ ಬಾಟ್ಲಿಗೆ ಬರ್ತೇನೆ, ಯಾಕಂದ್ರೆ ಆ ತ್ರಿಕೋನ ನೀವು ನೋಡಿದ್ದು ತುಂಬ ಒಳ್ಳೇದಾಯ್ತು, ಹೆಚ್ಚಿನವರು ನೋಡುದೇ ಇಲ್ಲ. 1971ರ ಕೀಟನಾಶಕ ನಿಯಮದ ಪ್ರಕಾರ ಪ್ರತಿ ಬಾಟ್ಲಿ ಮೇಲೂ ಆ ಗುರುತು ಇರ್ಲೇಬೇಕು. ಕೆಂಪು ಅತ್ಯಂತ ವಿಷ, ಅದ್ರ ನಂತರ ಹಳದಿ, ಆಮೇಲೆ ನೀಲಿ, ಎಲ್ಲಕ್ಕಿಂತ ಕಡಿಮೆ ಹಸಿರು. ನಿಮ್ದು ಮೇಲಿಂದ ಎರಡನೇದು. ಮನೆ ಅಂಗಳಕ್ಕೆ ಕೆಂಪು ಹಳದಿ ಎರಡೂ ಬೇಡ ಅಂತ ನಾನು ಯಾವಾಗ್ಲೂ ಹೇಳುದು. ಸೈಪರ್‌ಮೆತ್ರಿನ್ ಮೀನಿಗೆ ಭಯಂಕರ ವಿಷ, ನಿಮ್ಮ ಅಂಗಳದ ನೀರು ತೋಡಿಗೆ ಹೋಗ್ತದೆ, ತೋಡು ಹೊಳೆಗೆ. ಆ ಹೂ ನೀವು ಬೆಳಿಗ್ಗೆ ಕೊಯ್ದು ದೇವರಿಗೆ ಇಟ್ಟು ಪ್ರಸಾದ ಅಂತ ಮಗುವಿನ ತಲೆಗೆ ಮುಡಿಸ್ತೀರಿ. ಸೋಣೆಯಲ್ಲಿ ದಿನಾ ಹೊಸ್ತಿಲಿಗೆ ಹೂ ಬೇಕು, ಕೊಂಕಣಿಯವರ ಚೂಡಿ ಪೂಜೆಗೆ ಅಂಗಳದ ಸಣ್ಣ ಸಣ್ಣ ಹೂ ಎಲ್ಲ ಬೇಕು, ಮೇರಿ ಮಾತೆಯ ಹಬ್ಬ ಮೊಂತಿ ಫೆಸ್ತಿಗೆ ಒಂಬತ್ತು ದಿನ ಪುಟ್ಟ ಮಕ್ಕಳು ಬುಟ್ಟಿಯಲ್ಲಿ ಹೂ ಹಿಡ್ಕೊಂಡು ಇಗರ್ಜಿಗೆ ಹೋಗ್ತಾರೆ. ಹುಳ ಜೋರಾಗುದೂ ಮದ್ದು ಬಿಡುದೂ ಸರೀ ಅದೇ ತಿಂಗಳು. ಇದು ನನಗೆ ಪ್ರತಿ ವರ್ಷ ಹೊಟ್ಟೆಗೆ ಬೆಂಕಿ ಬಿದ್ದ ಹಾಗೆ ಆಗುವ ವಿಷಯ.

ನಮ್ಮ ಕರಾವಳಿಯವರಿಗೆ ಇದನ್ನು ಹೆಚ್ಚು ಹೇಳ್ಬೇಕಾದ್ದಿಲ್ಲ. ಗೇರಿಗೆ ಬರುವ ಟೀ ಸೊಳ್ಳೆ ಅನ್ನುವ ಕೀಟಕ್ಕೆ ಅಂತ ಹೆಲಿಕಾಪ್ಟರಲ್ಲಿ ಎಂಡೋಸಲ್ಫಾನ್ ಕೀಟನಾಶಕ ಬಿಟ್ಟು ದಕ್ಷಿಣ ಕನ್ನಡದ ಕೊಕ್ಕಡದ ಕಡೆ ಮನೆಮನೆಯಲ್ಲಿ ಮಕ್ಕಳು ಅಂಗವಿಕಲರಾಗಿ ಹುಟ್ಟಿದ್ದು ಎಲ್ರಿಗೂ ಗೊತ್ತುಂಟು, 2011ರ ಮೇ ತಿಂಗಳಲ್ಲಿ ಸುಪ್ರೀಂ ಕೋರ್ಟ್ ಇಡೀ ದೇಶದಲ್ಲಿ ಅದನ್ನು ನಿಲ್ಲಿಸುವಾಗ ಆ ಮಕ್ಕಳು ಹುಟ್ಟಿ ದೊಡ್ಡವರಾಗಿದ್ರು. ನಿಮ್ಮ ಬಾಟ್ಲಿಯಲ್ಲಿ ಇರುದು ಅದೇ ವಿಷ ಅಲ್ಲ, ಹಾಗೆ ಹೇಳಿ ಹೆದರಿಸುದು ತಪ್ಪು. ಆದ್ರೆ ಮದ್ದು ಅಂತ ಹೆಸರಿದ್ದ ಮಾತ್ರಕ್ಕೆ ಮನೆ ಬಾಗಿಲಲ್ಲಿ ಬಿಡಬಹುದು ಅಂತ ನಂಬುವ ಅಭ್ಯಾಸ ನಮಗೆ ಇನ್ನೂ ಹೋಗ್ಲಿಲ್ಲ.

ನಾನೇ ನರ್ಸರಿ ಸುರು ಮಾಡಿದ ಹೊಸದರಲ್ಲಿ ಪ್ರತಿ ಶನಿವಾರ ಇಂಥದ್ದೇ ಮದ್ದು ಬಿಡ್ತಾ ಇದ್ದೆ, ಗಿರಾಕಿಗಳಿಗೆ ತೂತಿಲ್ಲದ ಎಲೆ ಬೇಕಲ್ಲ. ಮೂರು ತಿಂಗಳು ಒಂದು ಹುಳ ಇಲ್ಲ. ನಾಲ್ಕನೇ ತಿಂಗಳು ದಾಸವಾಳಕ್ಕೆ ಬಿಳಿ ಹಿಟ್ಟು ತಿಗಣೆ ಬಂತು, ಗುಲಾಬಿ ಎಲೆ ಅಡಿಯಲ್ಲಿ ಕೆಂಪು ಜೇಡನುಸಿ, ಎಲೆಯೆಲ್ಲ ಹೊಗೆ ಹಿಡಿದ ಹಾಗೆ ಆಗಿ ಇನ್ನೂರು ಗಿಡ ಬಿಸಾಡಿದೆ. ಅವನ್ನು ತಿಂದು ಹತೋಟಿಯಲ್ಲಿ ಇಡ್ತಾ ಇದ್ದ ಪುಟ್ಟ ಜೀವಿಗಳನ್ನೆಲ್ಲ ನಾನು ಶನಿವಾರ ಶನಿವಾರ ಕೊಂದಿದ್ದೆ. ಮದ್ದು ನಿಲ್ಲಿಸಿ ಒಂದು ವರ್ಷ ಆದ ಮೇಲೆ ಒಂದು ಹುಳ ನೋಡಿದೆ, ಮೈಮೇಲೆಲ್ಲ ಅಕ್ಕಿಕಾಳು ಅಂಟಿಸಿದ ಹಾಗೆ ಬಿಳಿ ಬಿಳಿ. ಮೊಟ್ಟೆ ಅಂತ ಅಂದ್ಕೊಂಡೆ, ಮೊಟ್ಟೆ ಅಲ್ಲ, ಸಣ್ಣ ಕಣಜದ ಗೂಡು. ಆ ಕಣಜ ಜೀವಂತ ಹುಳದ ಒಳಗೆ ಮೊಟ್ಟೆ ಇಟ್ಟು, ಮರಿಗಳು ಒಳಗಿಂದ ತಿಂದು ಹೊರಗೆ ಬಂದು ಗೂಡು ಕಟ್ಟಿದ್ದು. ಅಂಥ ಹುಳ ನಿಮಗೆ ಕಂಡ್ರೆ ದಯವಿಟ್ಟು ಮುಟ್ಟಬೇಡಿ, ಅದು ಇನ್ನು ತಿನ್ನುದಿಲ್ಲ, ಅದ್ರಿಂದ ಇಪ್ಪತ್ತು ಮೂವತ್ತು ಕಣಜ ಹೊರಗೆ ಬಂದು ಮುಂದಿನ ಹುಳಗಳನ್ನು ನೋಡ್ಕೊಳ್ತವೆ. ಮಡಿವಾಳ ಹಕ್ಕಿ, ಪಿಕಳಾರ, ಕೆಂಬೂತ ಎಲ್ಲ ಮರಿಗೆ ತಿನ್ನಿಸ್ಲಿಕ್ಕೆ ಹುಳವನ್ನೇ ಹೆಕ್ಕುದು, ವಿಷ ಹೊಡೆದ ಹುಳ ತಿಂದ್ರೆ ಅವುಗಳ ಗತಿ ಎಂತ. ಅಂಗಳದ ಒಂದು ಮೂಲೆಯಲ್ಲಿ ತುಳಸಿ, ಕೇಪುಳ ಹೂ ಬಿಡ್ಲಿ, ಒಂದು ತಟ್ಟೆ ನೀರಿಡಿ. ಮತ್ತೆ ರಾತ್ರಿ ಇಡೀ ಉರಿಯುವ ಬಿಳಿ ಎಲ್‌ಇಡಿ ಲೈಟು ಗಿಡದ ಹತ್ರ ಇದ್ರೆ ಆಫ್ ಮಾಡಿ, ಪತಂಗಗಳನ್ನು ಕರೆದು ತಂದು ಕೂರಿಸುದೇ ಅದು.

ಇಷ್ಟೆಲ್ಲ ಮಾಡಿಯೂ ಹುಳ ಯಾವುದು ಅಂತ ಗೊತ್ತಾಗದಿದ್ರೆ ಎಲೆ ಸಮೇತ ಒಂದು ತೂತಿನ ಡಬ್ಬಿಯಲ್ಲಿ ಹಾಕಿ ಬ್ರಹ್ಮಾವರದ ಕೃಷಿ ವಿಜ್ಞಾನ ಕೇಂದ್ರಕ್ಕೆ ತಗೊಂಡು ಹೋಗಿ, ಮಂಗಳೂರು ಕಡೆಯವರಿಗೆ ಕಂಕನಾಡಿಯಲ್ಲಿ ಉಂಟು. ಫೋಟೋಕ್ಕಿಂತ ಹುಳವೇ ಒಳ್ಳೇದು.

ಮೊಮ್ಮಗಳ ಭರಣಿ ಹುಳವನ್ನು ಬಿಸಾಡ್ಬೇಡಿ ಅಕ್ಕ. ಮುಚ್ಚಳ ತೆಗೆದು ಬಾಯಿಗೆ ಸೊಳ್ಳೆಪರದೆಯ ತುಂಡು ಕಟ್ಟಿ, ಅಡಿಯಲ್ಲಿ ಎರಡು ಇಂಚು ಒದ್ದೆ ಒದ್ದೆ ಮಣ್ಣು, ಮೇಲೆ ಒಂದು ಹಿಡಿ ಒಣ ಎಲೆ ಹಾಕಿ, ದಿನಾ ಒಂದೆರಡು ಹೊಸ ನಂದಿಬಟ್ಟಲು ಎಲೆ ಕೊಡ್ಲಿಕ್ಕೆ ಹೇಳಿ, ಹಿಕ್ಕೆ ತೆಗೀಲಿಕ್ಕೆ ಹೇಳಿ, ಎಲೆ ಮುಟ್ಟಿದ ಮೇಲೆ ಕೈ ತೊಳೀಲಿಕ್ಕೆ ಮರೀಬೇಡಿ. ಒಂದು ದಿನ ಹುಳದ ಹಸಿರು ಹೋಗಿ ಕಂದು ಬಣ್ಣ ಬರ್ತದೆ, ತಿನ್ನುದು ಬಿಟ್ಟು ಅತ್ತಿತ್ತ ಓಡಾಡ್ತದೆ, ಸಾಯ್ತಾ ಉಂಟು ಅಂತ ಮಗು ಅಳಬಹುದು, ಸಾಯುದಲ್ಲ, ಒಣ ಎಲೆ ಅಡಿಗೆ ಹೋಗಿ ಕೋಶ ಕಟ್ಲಿಕ್ಕೆ ಜಾಗ ಹುಡುಕುದು. ಆಮೇಲೆ ಮುಟ್ಟದೆ ಹತ್ತು ಹದಿನೈದು ದಿನ ಕಾಯ್ಬೇಕು, ಮಣ್ಣು ಪೂರ್ತಿ ಒಣಗ್ಲಿಕ್ಕೆ ಬಿಡದೆ. ಒಂದು ಒರಟು ಕಡ್ಡಿ ಓರೆಯಾಗಿ ನಿಲ್ಲಿಸಿಡಿ, ಹೊರಗೆ ಬಂದ ಪತಂಗಕ್ಕೆ ಹತ್ತಿ ಜೋತು ಬಿದ್ದು ರೆಕ್ಕೆ ಬಿಡಿಸ್ಲಿಕ್ಕೆ ಜಾಗ ಬೇಕು, ಇಲ್ಲದಿದ್ರೆ ರೆಕ್ಕೆ ಮುದುಡಿಯೇ ಉಳೀತದೆ. ಹಸಿರು, ಗುಲಾಬಿ, ಬಿಳಿ ಗೆರೆ ಗೆರೆ, ಪಾಚಿ ಹಿಡಿದ ಕಲ್ಲಿನ ಮೇಲೆ ಬಿಸಿಲು ಬಿದ್ದ ಹಾಗೆ ಇರ್ತದೆ. ಕತ್ತಲಾದ ಮೇಲೆ ಮಲ್ಲಿಗೆ ಗಿಡದ ಹತ್ರ ಭರಣಿ ತೆರೆದಿಡಿ, ಸ್ವಲ್ಪ ಹೊತ್ತು ರೆಕ್ಕೆ ನಡುಗಿಸ್ತದೆ, ಆಮೇಲೆ ಹೋಗ್ತದೆ.